ವಿ. ಕೆ. ಮೂರ್ತಿ

ವೆಂಕಟರಾಮ ಪಂಡಿತ್ ಕೃಷ್ಣಮೂರ್ತಿ (ನವೆಂಬರ್ 26, 1923 – ಏಪ್ರಿಲ್ 7, 2014) ಭಾರತೀಯ ಚಲನಚಿತ್ರರಂಗದ ಪ್ರಮುಖ ಛಾಯಾಗ್ರಾಹಕರಲ್ಲಿ ಒಬ್ಬರು. ಚಿತ್ರರಂಗದಲ್ಲಿ ವಿ. ಕೆ. ಮೂರ್ತಿ ಎಂದೇ ಪರಿಚಿತರಾಗಿದ್ದ ಅವರು ಮೈಸೂರಿನವರು. ನಿರ್ದೇಶಕ ಗುರುದತ್ ಅವರ ಚಿತ್ರಗಳಿಗೆ ಮಾಡಿದ ಕಪ್ಪು-ಬಿಳುಪು ಛಾಯಾಗ್ರಹಣದಿಂದ ಅವರು ಹೆಸರಾದರು. ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರವಾದ 'ಕಾಗಜ್ ಕೆ ಫೂಲ್' (1959) ಚಿತ್ರದ ಛಾಯಾಗ್ರಾಹಕರು ಅವರೇ. 2008ನೆಯ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಅವರಿಗೆ ಸಂದಿತು. ಈ ಪ್ರಶಸ್ತಿಗೆ ಪಾತ್ರರಾದ ಮೊದಲ ಛಾಯಾಗ್ರಾಹಕರು ಅವರು.

ಜನನ ಮತ್ತು ಶಿಕ್ಷಣ

ಮೂರ್ತಿಯವರು 1923ರಲ್ಲಿ ಮೈಸೂರಿನಲ್ಲಿ ಜನಿಸಿದರು. ಬಾಲ್ಯದಿಂದಲೂ ಅವರಿಗೆ ಸಂಗೀತ ಮತ್ತು ಸಿನಿಮಾ ಎರಡರಲ್ಲಿಯೂ ಆಸಕ್ತಿಯಿತ್ತು. ಪಿಟೀಲು ವಾದನವನ್ನು ಅವರು ಅಭ್ಯಾಸ ಮಾಡಿದ್ದರು. ತಾರುಣ್ಯದಲ್ಲಿ ಸ್ವಾತಂತ್ರ್ಯ ಹೋರಾಟದಲ್ಲಿ ಭಾಗವಹಿಸಿ ಸೆರೆವಾಸವನ್ನೂ ಅನುಭವಿಸಿದರು.

ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ವೃತ್ತಿಶಿಕ್ಷಣ ಸಂಸ್ಥೆಯು 1943ರಲ್ಲಿ ಆರಂಭವಾಯಿತು. ಸರ್ ಎಂ. ವಿಶ್ವೇಶ್ವರಯ್ಯನವರ ಪ್ರಯತ್ನದ ಫಲವಾಗಿ ಸ್ಥಾಪನೆಯಾದ ಈ ಸಂಸ್ಥೆ ಮುಂದೆ ಎಸ್. ಜೆ. ಪಾಲಿಟೆಕ್ನಿಕ್ ಎಂದು ಪ್ರಸಿದ್ಧವಾಯಿತು. ಚಲನಚಿತ್ರ ಛಾಯಾಗ್ರಹಣವನ್ನು ಕ್ರಮಬದ್ಧವಾಗಿ ಕಲಿಸುವ ಶಾಲೆಗಳು ದೇಶದಲ್ಲಿ ಅತಿ ವಿರಳವಾಗಿದ್ದ ಕಾಲವದು. ಪುಣೆಯ ಚಲನಚಿತ್ರ ಸಂಸ್ಥೆ ಹುಟ್ಟಿದ್ದು 1960ರಲ್ಲಿ. ಅದಕ್ಕಿಂತ ಹದಿನೇಳು ವರ್ಷ ಮೊದಲೇ ಮೈಸೂರು ಸಂಸ್ಥಾನದಲ್ಲಿ ಇಂಥ ಶಿಕ್ಷಣಕ್ಕೆ ಅವಕಾಶವಿತ್ತು. ಮೂರ್ತಿಯವರು ಈ ಸಂಸ್ಥೆಯ ಮೊದಲ ತಂಡದ ವಿದ್ಯಾರ್ಥಿಗಳಲ್ಲಿ ಒಬ್ಬರಾಗಿ ಸೇರಿ 1946ರಲ್ಲಿ ಛಾಯಾಗ್ರಹಣದ ಡಿಪ್ಲೊಮಾ ಪಡೆದರು.

ಆಗಿನ ಛಾಯಾಗ್ರಾಹಕರಲ್ಲಿ ಬಹುಪಾಲು ಜನ ಸ್ಟುಡಿಯೋಗಳಲ್ಲಿ ಸಹಾಯಕರಾಗಿ ದುಡಿದು, ನೋಡಿ ಕಲಿತವರು. ಮಸೂರ, ಫಿಲಂ, ಬೆಳಕಿನ ಅಳತೆ ಇವುಗಳ ಶಾಸ್ತ್ರವನ್ನು ತರಗತಿಯಲ್ಲಿ ಓದಿ ಬಂದವರು ಕಡಿಮೆ. ಮೂರ್ತಿಯವರಿಗೆ ಈ ಎರಡೂ ಬಗೆಯ ಕಲಿಕೆ ದೊರೆಯಿತು. ಮುಂಬಯಿಗೆ ತೆರಳಿದ ಮೇಲೆ ಅವರು ಹೆಸರಾಂತ ಛಾಯಾಗ್ರಾಹಕ ಫಲಿ ಮಿಸ್ತ್ರಿಯವರ ಕೈಕೆಳಗೆ ಸಹಾಯಕರಾಗಿ ಕೆಲಸ ಮಾಡಿದರು.

ಗುರುದತ್ ಅವರೊಂದಿಗೆ

ಮೂರ್ತಿಯವರ ವೃತ್ತಿಜೀವನಕ್ಕೆ ತಿರುವು ನೀಡಿದ ಚಿತ್ರ 'ಬಾಜಿ' (1951). ಇದು ಗುರುದತ್ ನಿರ್ದೇಶಿಸಿದ ಮೊದಲ ಚಿತ್ರ. ಇದರ ಛಾಯಾಗ್ರಾಹಕರು ವಿ. ರಾತ್ರಾ. ಮೂರ್ತಿಯವರು ಅವರ ಸಹಾಯಕರಾಗಿದ್ದರು. ಹಾಡೊಂದರ ಚಿತ್ರೀಕರಣದ ಸಂದರ್ಭದಲ್ಲಿ, ಕನ್ನಡಿಯಲ್ಲಿನ ಪ್ರತಿಬಿಂಬದಿಂದ ಆರಂಭವಾಗಿ ಕ್ಯಾಮೆರಾ ಚಲಿಸುತ್ತ ಪಾತ್ರವನ್ನು ಹಿಂಬಾಲಿಸುವ ಕಠಿಣವಾದ ಚಿತ್ರಿಕೆಯೊಂದನ್ನು ಮೂರ್ತಿಯವರು ಸೂಚಿಸಿ, ಅದನ್ನು ತಾವೇ ತೆಗೆದು ತೋರಿಸಿದರು. ಇದರಿಂದ ಪ್ರಭಾವಿತರಾದ ಗುರುದತ್, ತಮ್ಮ ಮುಂದಿನ ಚಿತ್ರಕ್ಕೆ ಅವರನ್ನೇ ಛಾಯಾಗ್ರಾಹಕರನ್ನಾಗಿ ಆರಿಸಿಕೊಂಡರು.

ಆ ಮುಂದಿನ ಚಿತ್ರ 'ಜಾಲ್' (1952). ಅಲ್ಲಿಂದ ಮುಂದೆ ಗುರುದತ್ ನಿರ್ದೇಶಿಸಿದ ಬಹುತೇಕ ಚಿತ್ರಗಳಿಗೆ ಮೂರ್ತಿಯವರೇ ಛಾಯಾಗ್ರಾಹಕರು. 'ಬಾಜ್' (1953), 'ಆರ್ ಪಾರ್' (1954), 'ಮಿಸ್ಟರ್ ಅಂಡ್ ಮಿಸೆಸ್ 55' (1955), 'ಪ್ಯಾಸಾ' (1957), 'ಕಾಗಜ್ ಕೆ ಫೂಲ್' (1959) ಈ ಸಾಲಿನಲ್ಲಿ ಬರುತ್ತವೆ. ಗುರುದತ್ ನಿರ್ಮಿಸಿ ಬೇರೆಯವರು ನಿರ್ದೇಶಿಸಿದ ರಾಜ್ ಖೋಸ್ಲಾ ಅವರ 'ಸಿ.ಐ.ಡಿ.' (1956), ಅಬ್ರಾರ್ ಅಲ್ವಿಯವರ 'ಸಾಹಿಬ್ ಬೀಬಿ ಔರ್ ಗುಲಾಮ್' (1962) ಚಿತ್ರಗಳಿಗೂ ಅವರು ಕೆಲಸ ಮಾಡಿದರು.

ಗುರುದತ್ ಅವರೂ ಹುಟ್ಟಿನಿಂದ ಮೈಸೂರು ಸಂಸ್ಥಾನದವರೇ. ಅವರು 1925ರ ಜುಲೈ 9ರಂದು ಬೆಂಗಳೂರಿನಲ್ಲಿ ಜನಿಸಿದರು. ಅವರ ಮನೆತನದ ಹೆಸರು ಪಡುಕೋಣೆ, ಮನೆಮಾತು ಕೊಂಕಣಿ. ಬಾಲ್ಯ ಕಳೆದದ್ದು ಕಲ್ಕತ್ತೆಯಲ್ಲಿ. ಹಿಂದಿ ಚಿತ್ರರಂಗದ ಅತ್ಯಂತ ಫಲಪ್ರದವಾದ ನಿರ್ದೇಶಕ-ಛಾಯಾಗ್ರಾಹಕ ಜೋಡಿಗಳಲ್ಲಿ ಒಂದಾದ ಇದರ ಇಬ್ಬರೂ ಇಂದಿನ ಕರ್ನಾಟಕದಲ್ಲಿ ಹುಟ್ಟಿದವರು ಎಂಬುದು ಗಮನಾರ್ಹ.

ಪ್ಯಾಸಾ

'ಪ್ಯಾಸಾ' ಲೋಕದ ಮನ್ನಣೆ ದೊರೆಯದ ವಿಜಯ್ ಎಂಬ ಕವಿಯ ಕಥೆ. ಆತ ಸತ್ತನೆಂದು ತಿಳಿದ ಮೇಲೆ ಜಗತ್ತು ಅವನನ್ನು ಕೊಂಡಾಡತೊಡಗುತ್ತದೆ. ತನ್ನದೇ ಸ್ಮರಣೆಯ ಸಭೆಗೆ ವಿಜಯ್ ಬಂದು ಬಾಗಿಲಲ್ಲಿ ನಿಲ್ಲುವ ದೃಶ್ಯ ಭಾರತೀಯ ಸಿನಿಮಾದ ಸ್ಮರಣೀಯ ದೃಶ್ಯಗಳಲ್ಲಿ ಒಂದು. ಅವನ ಬೆನ್ನ ಹಿಂದಿನಿಂದ ಮಾತ್ರ ಬೆಳಕು ಬರುತ್ತದೆ. ಮುಖ ಕತ್ತಲಲ್ಲಿದೆ. ಬಾಗಿಲ ಚೌಕಟ್ಟಿನಲ್ಲಿ ಚಾಚಿದ ಕೈಗಳ ಆಕೃತಿ ಶಿಲುಬೆಯನ್ನು ನೆನಪಿಸುತ್ತದೆ. ಸಂಭಾಷಣೆಯ ನೆರವಿಲ್ಲದೆ, ಬೆಳಕಿನ ದಿಕ್ಕಿನಿಂದಲೇ ಪಾತ್ರದ ಸ್ಥಿತಿಯನ್ನು ಇಲ್ಲಿ ಹೇಳಲಾಗಿದೆ. ಅಮೆರಿಕದ ಟೈಮ್ ಪತ್ರಿಕೆ 2005ರಲ್ಲಿ ಪ್ರಕಟಿಸಿದ ಸಾರ್ವಕಾಲಿಕ ನೂರು ಶ್ರೇಷ್ಠ ಚಿತ್ರಗಳ ಪಟ್ಟಿಯಲ್ಲಿ 'ಪ್ಯಾಸಾ' ಸೇರಿದೆ.

ಕಾಗಜ್ ಕೆ ಫೂಲ್

ಸುರೇಶ್ ಸಿನ್ಹಾ ಎಂಬ ಚಿತ್ರನಿರ್ದೇಶಕನ ಏಳು-ಬೀಳುಗಳನ್ನು ಹೇಳುವ ಈ ಚಿತ್ರದ ಬಹುಭಾಗ ನಡೆಯುವುದು ಸಿನಿಮಾ ಸ್ಟುಡಿಯೋದ ಒಳಗೆ. ಸಿನಿಮಾಸ್ಕೋಪ್ ವಿಧಾನದಲ್ಲಿ ವಿಶೇಷ ಮಸೂರವು ವಿಶಾಲವಾದ ದೃಶ್ಯವನ್ನು ಅಡ್ಡಲಾಗಿ ಕುಗ್ಗಿಸಿ 35 ಮಿ.ಮೀ. ಫಿಲಂ ಮೇಲೆ ಮೂಡಿಸುತ್ತದೆ. ಪ್ರದರ್ಶನದ ವೇಳೆ ಇನ್ನೊಂದು ಮಸೂರ ಅದನ್ನು ಮತ್ತೆ ಹಿಗ್ಗಿಸಿ ಅಗಲವಾದ ತೆರೆಯ ಮೇಲೆ ತೋರಿಸುತ್ತದೆ. ಈ ಚೌಕಟ್ಟಿನ ಅಗಲವು ಎತ್ತರದ ಎರಡು ಪಟ್ಟಿಗಿಂತ ಹೆಚ್ಚು. ಹಾಲಿವುಡ್‌ನಲ್ಲಿ ಯುದ್ಧ, ಪುರಾಣ ಮುಂತಾದ ವೈಭವದ ಕಥೆಗಳಿಗೆ ಹೆಚ್ಚಾಗಿ ಬಳಸುತ್ತಿದ್ದ ಈ ವಿಧಾನವನ್ನು ಗುರುದತ್ ಮತ್ತು ಮೂರ್ತಿ ಒಬ್ಬ ಮನುಷ್ಯನ ಏಕಾಂತವನ್ನು ತೋರಿಸಲು ಬಳಸಿದರು. ಖಾಲಿ ಸ್ಟುಡಿಯೋದ ವಿಸ್ತಾರದಲ್ಲಿ ಒಂದೇ ಒಂದು ಚಿಕ್ಕ ಆಕೃತಿ ನಿಂತಾಗ ಅಗಲವಾದ ತೆರೆಯೇ ಒಂಟಿತನದ ಅಳತೆಗೋಲಾಗುತ್ತದೆ.

ಈ ಚಿತ್ರದ ಒಂದು ಹಾಡಿನಲ್ಲಿ ಬರುವ ಬಿಸಿಲುಕೋಲು ಮೂರ್ತಿಯವರ ಹೆಸರಿನೊಂದಿಗೆ ಶಾಶ್ವತವಾಗಿ ಬೆಸೆದುಕೊಂಡಿದೆ. ನಿರ್ದೇಶಕ ಮತ್ತು ನಟಿ ಶಾಂತಿ (ವಹೀದಾ ರೆಹಮಾನ್) ನಿರ್ಜನ ಸ್ಟುಡಿಯೋದಲ್ಲಿ ದೂರದೂರ ನಿಂತಿರುತ್ತಾರೆ. ಮೇಲಿನಿಂದ ದಪ್ಪನೆಯ ಬೆಳಕಿನ ಕಂಬವೊಂದು ಅವರ ನಡುವೆ ಇಳಿಯುತ್ತದೆ. ಸ್ಟುಡಿಯೋದ ದೀಪಗಳ ಬೆಳಕು ಮೂಲದಿಂದ ದೂರ ಹೋದಂತೆಲ್ಲ ಹರಡಿಕೊಳ್ಳುತ್ತದೆ. ಸೂರ್ಯನು ಬಹುದೂರದಲ್ಲಿರುವುದರಿಂದ ಅವನ ಕಿರಣಗಳು ಭೂಮಿಯಲ್ಲಿ ಬಹುಮಟ್ಟಿಗೆ ಸಮಾನಾಂತರವಾಗಿ ಬೀಳುತ್ತವೆ. ಆದ್ದರಿಂದ ಗುರುದತ್ ಬಯಸಿದ ಬೆಳಕನ್ನು ದೀಪಗಳಿಂದ ಪಡೆಯುವುದು ಸಾಧ್ಯವಿರಲಿಲ್ಲ.

ಕನ್ನಡಿಯೊಂದು ಬಿಸಿಲನ್ನು ಪ್ರತಿಫಲಿಸುತ್ತಿದ್ದುದನ್ನು ಕಂಡಾಗ ತಮಗೆ ಪರಿಹಾರ ಹೊಳೆಯಿತೆಂದು ಮೂರ್ತಿಯವರು ಮುಂದೆ ನೆನಪಿಸಿಕೊಂಡಿದ್ದಾರೆ. ಅವರು ಎರಡು ದೊಡ್ಡ ಕನ್ನಡಿಗಳನ್ನು ತರಿಸಿದರು. ಒಂದನ್ನು ಸ್ಟುಡಿಯೋದ ಹೊರಗೆ ಬಿಸಿಲಿನಲ್ಲಿ ಇರಿಸಿ, ಅದರ ಪ್ರತಿಫಲನವನ್ನು ಒಳಗೆ ಎತ್ತರದ ಅಟ್ಟಣೆಯ ಮೇಲಿದ್ದ ಇನ್ನೊಂದು ಕನ್ನಡಿಗೆ ಹಾಯಿಸಿದರು. ಆ ಎರಡನೆಯ ಕನ್ನಡಿಯಿಂದ ಬೆಳಕು ನೆಲಕ್ಕೆ ಇಳಿಯಿತು. ಬೆಳಕಿನ ದಾರಿ ಕಣ್ಣಿಗೆ ಕಾಣಬೇಕಾದರೆ ಗಾಳಿಯಲ್ಲಿ ಕಣಗಳಿರಬೇಕು. ಅದಕ್ಕಾಗಿ ತೆಳುವಾದ ಹೊಗೆಯನ್ನು ಹಬ್ಬಿಸಲಾಯಿತು. ಸೂರ್ಯ ಚಲಿಸಿದಂತೆ ಕನ್ನಡಿಗಳ ಕೋನವೂ ಬದಲಾಗಬೇಕು. ಹಾಗಾಗಿ ಇಂತಹ ಚಿತ್ರೀಕರಣಕ್ಕೆ ದೊರೆಯುವ ಕಾಲಾವಕಾಶ ಅಲ್ಪವಾದುದು. ಚಿತ್ರದ ಕೊನೆಯಲ್ಲಿ ವೃದ್ಧ ನಿರ್ದೇಶಕ ತನ್ನ ಹಳೆಯ ಕುರ್ಚಿಯಲ್ಲಿ ಕುಳಿತೇ ಪ್ರಾಣಬಿಡುತ್ತಾನೆ. ಆಗಲೂ ಸ್ಟುಡಿಯೋದ ದೊಡ್ಡ ಬಾಗಿಲು ತೆರೆದು ಬೆಳಕು ಒಳನುಗ್ಗುತ್ತದೆ.

'ಕಾಗಜ್ ಕೆ ಫೂಲ್' ಬಿಡುಗಡೆಯಾದಾಗ ಪ್ರೇಕ್ಷಕರು ಅದನ್ನು ಸ್ವೀಕರಿಸಲಿಲ್ಲ. ಆರ್ಥಿಕವಾಗಿ ಚಿತ್ರ ಸೋತಿತು. ಆ ಬಳಿಕ ಗುರುದತ್ ತಮ್ಮ ಹೆಸರಿನಲ್ಲಿ ಬೇರೆ ಚಿತ್ರವನ್ನು ನಿರ್ದೇಶಿಸಲಿಲ್ಲ. ಆದರೆ ಛಾಯಾಗ್ರಹಣಕ್ಕಾಗಿ ಮೂರ್ತಿಯವರಿಗೂ ಕಲಾ ನಿರ್ದೇಶನಕ್ಕಾಗಿ ಎಂ. ಆರ್. ಆಚ್ರೇಕರ್ ಅವರಿಗೂ ಫಿಲಂಫೇರ್ ಪ್ರಶಸ್ತಿಗಳು ಬಂದವು. ದಶಕಗಳ ನಂತರ ಚಿತ್ರವು ದೇಶ-ವಿದೇಶಗಳಲ್ಲಿ ಮರುಪ್ರದರ್ಶನಗೊಂಡು, ಇಂದು ಚಲನಚಿತ್ರ ಶಾಲೆಗಳಲ್ಲಿ ಪಠ್ಯದಂತೆ ಅಭ್ಯಾಸ ಮಾಡುವ ಕೃತಿಯಾಗಿದೆ.

ಚೌದವೀ ಕಾ ಚಾಂದ್ ಮತ್ತು ಬಣ್ಣದ ಛಾಯಾಗ್ರಹಣ

1960ರಲ್ಲಿ ಬಿಡುಗಡೆಯಾದ 'ಚೌದವೀ ಕಾ ಚಾಂದ್' ಕಪ್ಪು-ಬಿಳುಪಿನ ಚಿತ್ರ. ಇದರ ನಿರ್ದೇಶಕರು ಎಂ. ಸಾದಿಕ್, ಛಾಯಾಗ್ರಾಹಕರು ನರಿಮನ್ ಇರಾನಿ. ಚಿತ್ರದ ಜನಪ್ರಿಯತೆಯ ಬಳಿಕ ಹಾಡುಗಳನ್ನು ಬಣ್ಣದಲ್ಲಿ ಚಿತ್ರೀಕರಿಸಿ ಸೇರಿಸಲಾಯಿತು. ಈ ಬಣ್ಣದ ಭಾಗಗಳ ಹೊಣೆ ಮೂರ್ತಿಯವರದಾಗಿತ್ತು. ಬಣ್ಣದ ಛಾಯಾಗ್ರಹಣದ ಕ್ರಮವನ್ನು ಅರಿಯಲು ಗುರುದತ್ ಅವರನ್ನು ಇಂಗ್ಲೆಂಡಿಗೆ ಕಳುಹಿಸಿದ್ದರು. ಅಲ್ಲಿ 'ದಿ ಗನ್ಸ್ ಆಫ್ ನವರೋನ್' ಚಿತ್ರತಂಡದ ಕೆಲಸವನ್ನು ಅವರು ಹತ್ತಿರದಿಂದ ನೋಡಿದರು.

ಸಾಹಿಬ್ ಬೀಬಿ ಔರ್ ಗುಲಾಮ್

ಬಿಮಲ್ ಮಿತ್ರರ ಬಂಗಾಳಿ ಕಾದಂಬರಿಯನ್ನು ಆಧರಿಸಿದ ಈ ಚಿತ್ರ ಕಲ್ಕತ್ತೆಯ ಜಮೀನ್ದಾರಿ ಮನೆತನವೊಂದರ ಅವನತಿಯನ್ನು ಚಿತ್ರಿಸುತ್ತದೆ. ಭೂತನಾಥ (ಗುರುದತ್) ಮೊದಲ ಬಾರಿಗೆ ಛೋಟಿ ಬಹುವಿನ (ಮೀನಾಕುಮಾರಿ) ಕೋಣೆಗೆ ಬರುವ ದೃಶ್ಯದಲ್ಲಿ ಕ್ಯಾಮೆರಾ ಅವನ ಸಂಕೋಚವನ್ನೇ ತನ್ನ ದೃಷ್ಟಿಯಾಗಿಸಿಕೊಳ್ಳುತ್ತದೆ. ತಗ್ಗಿದ ಕಣ್ಣಿಗೆ ಮೊದಲು ಕಾಣುವುದು ನೆಲದ ಹಾಸು, ಆಮೇಲೆ ಅವಳ ಪಾದಗಳು. ಅವಳ ಮುಖ ಕಾಣುವುದು ಅವನು ತಲೆಯೆತ್ತಿದ ಮೇಲೆಯೇ. ಇನ್ನೊಂದು ನೃತ್ಯದ ದೃಶ್ಯದಲ್ಲಿ ಮುಖ್ಯ ನರ್ತಕಿಯ ಮೇಲೆ ಮಾತ್ರ ಬೆಳಕು ಬೀಳುತ್ತದೆ. ಸಹನರ್ತಕಿಯರೆಲ್ಲ ಉದ್ದಕ್ಕೂ ನೆರಳಿನಲ್ಲಿಯೇ ಇದ್ದು, ಕಪ್ಪು ಆಕೃತಿಗಳಾಗಿ ಮಾತ್ರ ಕಾಣುತ್ತಾರೆ. ಈ ಚಿತ್ರಕ್ಕಾಗಿ ಮೂರ್ತಿಯವರಿಗೆ ಎರಡನೆಯ ಬಾರಿ ಫಿಲಂಫೇರ್ ಪ್ರಶಸ್ತಿ ಬಂದಿತು. ಚಿತ್ರವು 1963ರ ಬರ್ಲಿನ್ ಚಲನಚಿತ್ರೋತ್ಸವದ ಸ್ಪರ್ಧಾ ವಿಭಾಗಕ್ಕೆ ಆಯ್ಕೆಯಾಗಿತ್ತು.

ಛಾಯಾಗ್ರಹಣದ ವೈಶಿಷ್ಟ್ಯ

ಕಪ್ಪು-ಬಿಳುಪಿನ ಚಿತ್ರದಲ್ಲಿ ಕೆಂಪು ಸೀರೆಯೂ ಹಸಿರು ಗೋಡೆಯೂ ಒಂದೇ ಬೂದುಬಣ್ಣವಾಗಿ ಮೂಡಬಹುದು. ವ್ಯಕ್ತಿಯನ್ನು ಹಿನ್ನೆಲೆಯಿಂದ ಬೇರ್ಪಡಿಸಲು ಬಣ್ಣದ ನೆರವಿಲ್ಲದಿರುವುದರಿಂದ ಆ ಕೆಲಸವನ್ನು ಬೆಳಕೇ ಮಾಡಬೇಕು. ಮುಖಕ್ಕೆ ಮುಖ್ಯವಾದ ಬೆಳಕು, ನೆರಳನ್ನು ತುಸು ತಿಳಿಗೊಳಿಸುವ ಪೂರಕ ಬೆಳಕು, ಕೂದಲು ಮತ್ತು ಭುಜದ ಅಂಚನ್ನು ಎತ್ತಿ ತೋರುವ ಹಿನ್ನೆಲೆ ಬೆಳಕು, ಹೀಗೆ ಮೂರು ಬಗೆಯ ಬೆಳಕುಗಳ ಪ್ರಮಾಣದಿಂದ ಚಿತ್ರಿಕೆಯ ಭಾವ ನಿರ್ಧಾರವಾಗುತ್ತದೆ. ಅಂದಿನ ಅನೇಕ ಚಿತ್ರಗಳಲ್ಲಿ ನಟರ ಮುಖ ಸದಾ ಸ್ಪಷ್ಟವಾಗಿ ಕಾಣಬೇಕೆಂದು ಇಡೀ ಸೆಟ್ಟಿಗೆ ಸಮನಾದ ಬೆಳಕು ಹರಡುತ್ತಿದ್ದರು. ಮೂರ್ತಿಯವರು ಕತ್ತಲೆಗೂ ಚೌಕಟ್ಟಿನಲ್ಲಿ ಸ್ಥಾನ ಕೊಟ್ಟರು. ನಾಯಕನ ಮುಖದ ಅರ್ಧಭಾಗ ನೆರಳಿನಲ್ಲಿ ಉಳಿಯುವುದನ್ನು ಅವರು ಕೊರತೆಯೆಂದು ಭಾವಿಸಲಿಲ್ಲ.

ಕ್ಯಾಮೆರಾ ಚಲನೆ ಅವರ ಕೆಲಸದ ಇನ್ನೊಂದು ಮುಖ್ಯ ಅಂಗ. ಗುರುದತ್ ಅವರ ಚಿತ್ರಗಳಲ್ಲಿ ಹಾಡು ಹಲವು ಬಾರಿ ಮಾತಿನ ಮುಂದುವರಿಕೆಯಾಗಿ, ದೀರ್ಘವಾದ ಪೀಠಿಕೆಯಿಲ್ಲದೆ ಆರಂಭವಾಗುತ್ತದೆ. ಅಂತಹ ಕಡೆ ಟ್ರಾಲಿಯ ಮೇಲಿನ ಕ್ಯಾಮೆರಾ ನಿಧಾನವಾಗಿ ಪಾತ್ರದ ಮುಖದತ್ತ ಸಾಗುತ್ತದೆ. ಈ ಚಲನೆ ಹಾಡಿನ ಲಯಕ್ಕೆ ಹೊಂದಿಕೊಂಡಿರುತ್ತದೆ. ಸಂಗೀತವನ್ನು ಅಭ್ಯಾಸ ಮಾಡಿದ್ದ ಛಾಯಾಗ್ರಾಹಕರಿಗೆ ತಾಳದ ಅರಿವು ಇಲ್ಲಿ ನೆರವಾಗಿರಬೇಕು.

ಸಂಕಲನದೊಂದಿಗೆ ಸಂಬಂಧ

ಗುರುದತ್ ತಂಡದ ಸಂಕಲನಕಾರರು ವೈ. ಜಿ. ಚೌಹಾಣ್. ಛಾಯಾಗ್ರಾಹಕ ಮತ್ತು ಸಂಕಲನಕಾರರ ಕೆಲಸ ಬೇರೆಬೇರೆಯಾದರೂ ಒಬ್ಬರ ತೀರ್ಮಾನ ಇನ್ನೊಬ್ಬರ ಮೇಲೆ ಪರಿಣಾಮ ಬೀರುತ್ತದೆ. ಒಂದೇ ಸನ್ನಿವೇಶವನ್ನು ಹಲವು ದಿನ ಚಿತ್ರೀಕರಿಸಿದಾಗ ಬೆಳಕಿನ ದಿಕ್ಕು ಮತ್ತು ಸಾಂದ್ರತೆ ಒಂದೇ ತೆರನಾಗಿ ಉಳಿಯದಿದ್ದರೆ ಚಿತ್ರಿಕೆಗಳು ಪರಸ್ಪರ ಕೂಡುವುದಿಲ್ಲ. ಚಲಿಸುವ ಕ್ಯಾಮೆರಾದ ದೀರ್ಘ ಚಿತ್ರಿಕೆಯನ್ನು ನಡುವೆ ಕತ್ತರಿಸಿದರೆ ಅದರ ಲಯ ಕೆಡುತ್ತದೆ. ಸಿನಿಮಾಸ್ಕೋಪ್ ಚೌಕಟ್ಟಿನಲ್ಲಿ ಇಬ್ಬರು ವ್ಯಕ್ತಿಗಳೂ ಅವರ ನಡುವಿನ ಅಂತರವೂ ಏಕಕಾಲಕ್ಕೆ ಕಾಣುವುದರಿಂದ, ಒಬ್ಬರಿಂದ ಇನ್ನೊಬ್ಬರಿಗೆ ಪದೇಪದೇ ಕತ್ತರಿಸುವ ಅಗತ್ಯ ಕಡಿಮೆಯಾಗುತ್ತದೆ. ಆದ್ದರಿಂದ 'ಕಾಗಜ್ ಕೆ ಫೂಲ್' ಚಿತ್ರದ ನಿಧಾನಗತಿಯು ಕ್ಯಾಮೆರಾ ಮತ್ತು ಸಂಕಲನ ಎರಡೂ ಸೇರಿ ರೂಪಿಸಿದ್ದು.

ಗುರುದತ್ ನಂತರದ ವರ್ಷಗಳು

ಗುರುದತ್ 1964ರ ಅಕ್ಟೋಬರ್ 10ರಂದು, ತಮ್ಮ 39ನೆಯ ವಯಸ್ಸಿನಲ್ಲಿ ನಿಧನರಾದರು. ಅದೇ ದಶಕದಲ್ಲಿ ಹಿಂದಿ ಚಿತ್ರರಂಗ ಬಣ್ಣಕ್ಕೆ ತಿರುಗಿತು. ಹೊರಾಂಗಣದ ವರ್ಣಮಯ ದೃಶ್ಯಗಳು, ವಿದೇಶಗಳಲ್ಲಿ ಚಿತ್ರೀಕರಣ, ವೇಗದ ಮನರಂಜನೆ ಮುಂಚೂಣಿಗೆ ಬಂದವು. ನೆರಳನ್ನೇ ಭಾಷೆಯಾಗಿಸಿಕೊಂಡಿದ್ದ ಛಾಯಾಗ್ರಾಹಕರಿಗೆ ಇದು ಬೇರೆಯದೇ ಲೋಕ. ಮೂರ್ತಿಯವರು ವೃತ್ತಿಯನ್ನು ಬಿಡಲಿಲ್ಲ. ಪ್ರಮೋದ್ ಚಕ್ರವರ್ತಿಯವರ 'ಜಿದ್ದಿ' (1964), 'ಲವ್ ಇನ್ ಟೋಕಿಯೋ' (1966), 'ನಯಾ ಜಮಾನಾ' (1971), 'ಜುಗ್ನು' (1973) ಮೊದಲಾದ ಜನಪ್ರಿಯ ಚಿತ್ರಗಳಿಗೆ ಅವರು ಛಾಯಾಗ್ರಹಣ ಮಾಡಿದರು. ಕಮಾಲ್ ಅಮ್ರೋಹಿಯವರ 'ಪಾಕೀಜಾ' (1972) ಚಿತ್ರದ ಛಾಯಾಗ್ರಾಹಕ, ಜರ್ಮನಿಯ ಜೋಸೆಫ್ ವಿರ್ಶಿಂಗ್ 1967ರಲ್ಲಿ ತೀರಿಕೊಂಡಾಗ, ಉಳಿದ ಭಾಗಗಳನ್ನು ಪೂರೈಸಿದ ಹಲವು ಛಾಯಾಗ್ರಾಹಕರಲ್ಲಿ ಮೂರ್ತಿಯವರೂ ಒಬ್ಬರು.

1980ರ ದಶಕದಲ್ಲಿ ಅವರು ದೂರದರ್ಶನಕ್ಕಾಗಿ ಎರಡು ಮಹತ್ವದ ಕೃತಿಗಳಲ್ಲಿ ಕೆಲಸ ಮಾಡಿದರು. ಮೊದಲನೆಯದು ಭೀಷ್ಮ ಸಾಹನಿಯವರ ಕಾದಂಬರಿಯನ್ನು ಆಧರಿಸಿ ಗೋವಿಂದ ನಿಹಲಾನಿ ನಿರ್ದೇಶಿಸಿದ, ದೇಶವಿಭಜನೆಯ ವಸ್ತುವುಳ್ಳ 'ತಮಸ್' (1988). ಎರಡನೆಯದು ಜವಾಹರಲಾಲ್ ನೆಹರೂ ಅವರ ಗ್ರಂಥವನ್ನು ಆಧರಿಸಿ ಶ್ಯಾಮ್ ಬೆನೆಗಲ್ ನಿರ್ದೇಶಿಸಿದ 53 ಕಂತುಗಳ 'ಭಾರತ್ ಏಕ್ ಖೋಜ್' (1988).

ಶಿಷ್ಯಪರಂಪರೆ ಮತ್ತು ಹೊಸ ಅಲೆಯ ಸಿನಿಮಾ

ಗೋವಿಂದ ನಿಹಲಾನಿ ಮೂರ್ತಿಯವರ ಶಿಷ್ಯರು. ಮೂರ್ತಿಯವರು ಓದಿದ್ದ ಬೆಂಗಳೂರಿನ ಸಂಸ್ಥೆಯಲ್ಲಿಯೇ ನಿಹಲಾನಿಯವರೂ 1962ರಲ್ಲಿ ಛಾಯಾಗ್ರಹಣ ಶಿಕ್ಷಣವನ್ನು ಮುಗಿಸಿ, ಬಳಿಕ ಮುಂಬಯಿಯಲ್ಲಿ ಮೂರ್ತಿಯವರಿಗೆ ಸಹಾಯಕರಾದರು. ಗಿರೀಶ ಕಾರ್ನಾಡರ ಕನ್ನಡ ಚಿತ್ರ 'ಕಾಡು' (1973), ಶ್ಯಾಮ್ ಬೆನೆಗಲ್ಲರ 'ಅಂಕುರ್' (1974) ಮುಂತಾದ ಹೊಸ ಅಲೆಯ ಚಿತ್ರಗಳಿಗೆ ನಿಹಲಾನಿಯವರೇ ಛಾಯಾಗ್ರಾಹಕರು.

ಕನ್ನಡದ ಹೊಸ ಅಲೆಯ ಆರಂಭವೆಂದು ಪರಿಗಣಿಸಲಾಗುವ, ಪಟ್ಟಾಭಿರಾಮ ರೆಡ್ಡಿ ನಿರ್ದೇಶನದ 'ಸಂಸ್ಕಾರ' (1970) ಚಿತ್ರಕ್ಕೆ ಛಾಯಾಗ್ರಹಣ ಮಾಡಿದವರು ಆಸ್ಟ್ರೇಲಿಯದ ಟಾಮ್ ಕೋವನ್. ಗಿರೀಶ ಕಾಸರವಳ್ಳಿಯವರ 'ಘಟಶ್ರಾದ್ಧ' (1977) ಚಿತ್ರದ ಛಾಯಾಗ್ರಾಹಕರು ಎಸ್. ರಾಮಚಂದ್ರ. ಅಲ್ಪ ಬಂಡವಾಳದಲ್ಲಿ, ಸ್ಟುಡಿಯೋದ ಹೊರಗೆ, ಊರ ಮನೆಗಳಲ್ಲಿಯೂ ಕಾಡಿನಲ್ಲಿಯೂ ತಯಾರಾದ ಇಂತಹ ಸ್ವತಂತ್ರ ಚಿತ್ರಗಳಿಗೆ ದೊಡ್ಡ ದೀಪಗಳ ಸಾಲು ದೊರೆಯುತ್ತಿರಲಿಲ್ಲ. ಇರುವ ಬೆಳಕಿನಲ್ಲಿಯೇ ದೃಶ್ಯವನ್ನು ಕಟ್ಟಬೇಕಾಗಿತ್ತು. ಮೂರ್ತಿಯವರು ದುಡಿದದ್ದು ಬಹುಪಾಲು ವಾಣಿಜ್ಯ ಚಿತ್ರರಂಗದ ಸ್ಟುಡಿಯೋಗಳಲ್ಲಿ. ಆದರೂ ಬೆಳಕು ಎಲ್ಲಿಂದ ಬರುತ್ತದೆ ಎಂಬುದಕ್ಕೆ ದೃಶ್ಯದೊಳಗೇ ಕಾರಣವಿರಬೇಕು ಎಂಬ ಶಿಸ್ತು, ಅವರ ಶಿಷ್ಯನ ಮೂಲಕ ಹೊಸ ಅಲೆಯ ಸಿನಿಮಾವನ್ನೂ ತಲುಪಿತು.

ಕನ್ನಡ ಚಿತ್ರರಂಗದಲ್ಲಿ

ಕನ್ನಡಿಗರಾಗಿದ್ದರೂ ಮೂರ್ತಿಯವರ ಕಾರ್ಯಕ್ಷೇತ್ರ ಮುಂಬಯಿಯಾಗಿತ್ತು. ತ್ರಿವೇಣಿಯವರ ಕಾದಂಬರಿಯನ್ನು ಆಧರಿಸಿ ಎಸ್. ವಿ. ರಾಜೇಂದ್ರಸಿಂಗ್ ಬಾಬು ನಿರ್ದೇಶಿಸಿದ 'ಹೂವು ಹಣ್ಣು' (1993) ಅವರು ಛಾಯಾಗ್ರಹಣ ಮಾಡಿದ ಕನ್ನಡ ಚಿತ್ರ. ಲಕ್ಷ್ಮಿ ಇದರ ಮುಖ್ಯ ಪಾತ್ರಧಾರಿ. ಆಗ ಮೂರ್ತಿಯವರ ವಯಸ್ಸು 70ರ ಸಮೀಪದಲ್ಲಿತ್ತು. ಮುಂದೆ ಅವರು ಬೆಂಗಳೂರಿನಲ್ಲಿ ವಿಶ್ರಾಂತ ಜೀವನ ನಡೆಸಿದರು.

ಲೇಖಕಿ ಉಮಾ ರಾವ್ ಅವರು ಮೂರ್ತಿಯವರ ಜೀವನವನ್ನು ಕುರಿತು 'ಬಿಸಿಲುಕೋಲು' ಎಂಬ ಕನ್ನಡ ಕೃತಿಯನ್ನು ರಚಿಸಿದ್ದಾರೆ. 'ಕಾಗಜ್ ಕೆ ಫೂಲ್' ಚಿತ್ರದ ಆ ಪ್ರಸಿದ್ಧ ಬೆಳಕನ್ನು ಕೃತಿಯ ಹೆಸರು ನೆನಪಿಸುತ್ತದೆ. ನಸ್ರೀನ್ ಮುನ್ನಿ ಕಬೀರ್ ಅವರು 1989ರಲ್ಲಿ ಗುರುದತ್ ಕುರಿತು ನಿರ್ಮಿಸಿದ ಸಾಕ್ಷ್ಯಚಿತ್ರದಲ್ಲಿ ಮೂರ್ತಿಯವರು ತಮ್ಮ ಕೆಲಸದ ವಿಧಾನವನ್ನು ವಿವರಿಸಿದ್ದಾರೆ.

ಪ್ರಶಸ್ತಿಗಳು

• ಫಿಲಂಫೇರ್ ಅತ್ಯುತ್ತಮ ಛಾಯಾಗ್ರಹಣ ಪ್ರಶಸ್ತಿ – 'ಕಾಗಜ್ ಕೆ ಫೂಲ್'
• ಫಿಲಂಫೇರ್ ಅತ್ಯುತ್ತಮ ಛಾಯಾಗ್ರಹಣ ಪ್ರಶಸ್ತಿ – 'ಸಾಹಿಬ್ ಬೀಬಿ ಔರ್ ಗುಲಾಮ್'
• ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ – 2008ನೆಯ ಸಾಲು

ಫಾಲ್ಕೆ ಪ್ರಶಸ್ತಿಯು 1969ರಲ್ಲಿ ಆರಂಭವಾಯಿತು. ನಟರು, ನಿರ್ದೇಶಕರು, ನಿರ್ಮಾಪಕರು, ಗಾಯಕರು, ಸಂಗೀತ ನಿರ್ದೇಶಕರು ಅದನ್ನು ಪಡೆದಿದ್ದರು. ಸುಮಾರು ನಾಲ್ಕು ದಶಕಗಳ ಕಾಲ ಛಾಯಾಗ್ರಾಹಕರೊಬ್ಬರ ಹೆಸರು ಆ ಪಟ್ಟಿಯಲ್ಲಿರಲಿಲ್ಲ. 2010ರ ಜನವರಿಯಲ್ಲಿ ಮೂರ್ತಿಯವರ ಹೆಸರು ಪ್ರಕಟವಾದಾಗ ಅವರಿಗೆ 86 ವರ್ಷ. ಪ್ರಶಸ್ತಿಯು ಸ್ವರ್ಣಕಮಲ, 10 ಲಕ್ಷ ರೂಪಾಯಿ ಮತ್ತು ಶಾಲನ್ನು ಒಳಗೊಂಡಿತ್ತು. ತೆರೆಯ ಹಿಂದೆ ದುಡಿಯುವ ತಂತ್ರಜ್ಞರ ಕೆಲಸಕ್ಕೂ ಚಿತ್ರರಂಗದ ಅತ್ಯುನ್ನತ ಗೌರವ ಸಲ್ಲಬಹುದೆಂಬುದನ್ನು ಈ ಆಯ್ಕೆ ಸ್ಥಾಪಿಸಿತು. ಕರ್ನಾಟಕಕ್ಕೆ ಸಂಬಂಧಿಸಿದಂತೆ, ಇದಕ್ಕೆ ಮೊದಲು ಡಾ. ರಾಜ್‌ಕುಮಾರ್ ಅವರು 1995ನೆಯ ಸಾಲಿನ ಫಾಲ್ಕೆ ಪ್ರಶಸ್ತಿಯನ್ನು ಪಡೆದಿದ್ದರು.

ನಿಧನ

ವಿ. ಕೆ. ಮೂರ್ತಿಯವರು 2014ರ ಏಪ್ರಿಲ್ 7ರಂದು ಬೆಂಗಳೂರಿನಲ್ಲಿ ನಿಧನರಾದರು. ಆಗ ಅವರಿಗೆ 90 ವರ್ಷ ವಯಸ್ಸಾಗಿತ್ತು.

ಆಯ್ದ ಚಿತ್ರಗಳು

• ಜಾಲ್ (1952) – ನಿರ್ದೇಶನ: ಗುರುದತ್
• ಬಾಜ್ (1953) – ನಿರ್ದೇಶನ: ಗುರುದತ್
• ಆರ್ ಪಾರ್ (1954) – ನಿರ್ದೇಶನ: ಗುರುದತ್
• ಮಿಸ್ಟರ್ ಅಂಡ್ ಮಿಸೆಸ್ 55 (1955) – ನಿರ್ದೇಶನ: ಗುರುದತ್
• ಸಿ.ಐ.ಡಿ. (1956) – ನಿರ್ದೇಶನ: ರಾಜ್ ಖೋಸ್ಲಾ
• ಪ್ಯಾಸಾ (1957) – ನಿರ್ದೇಶನ: ಗುರುದತ್
• ಕಾಗಜ್ ಕೆ ಫೂಲ್ (1959) – ನಿರ್ದೇಶನ: ಗುರುದತ್
• ಚೌದವೀ ಕಾ ಚಾಂದ್ (1960, ಬಣ್ಣದ ಹಾಡುಗಳು) – ನಿರ್ದೇಶನ: ಎಂ. ಸಾದಿಕ್
• ಸಾಹಿಬ್ ಬೀಬಿ ಔರ್ ಗುಲಾಮ್ (1962) – ನಿರ್ದೇಶನ: ಅಬ್ರಾರ್ ಅಲ್ವಿ
• ಜಿದ್ದಿ (1964) – ನಿರ್ದೇಶನ: ಪ್ರಮೋದ್ ಚಕ್ರವರ್ತಿ
• ಲವ್ ಇನ್ ಟೋಕಿಯೋ (1966) – ನಿರ್ದೇಶನ: ಪ್ರಮೋದ್ ಚಕ್ರವರ್ತಿ
• ನಯಾ ಜಮಾನಾ (1971) – ನಿರ್ದೇಶನ: ಪ್ರಮೋದ್ ಚಕ್ರವರ್ತಿ
• ಜುಗ್ನು (1973) – ನಿರ್ದೇಶನ: ಪ್ರಮೋದ್ ಚಕ್ರವರ್ತಿ
• ತಮಸ್ (1988, ದೂರದರ್ಶನ) – ನಿರ್ದೇಶನ: ಗೋವಿಂದ ನಿಹಲಾನಿ
• ಭಾರತ್ ಏಕ್ ಖೋಜ್ (1988, ದೂರದರ್ಶನ) – ನಿರ್ದೇಶನ: ಶ್ಯಾಮ್ ಬೆನೆಗಲ್
• ಹೂವು ಹಣ್ಣು (1993, ಕನ್ನಡ) – ನಿರ್ದೇಶನ: ಎಸ್. ವಿ. ರಾಜೇಂದ್ರಸಿಂಗ್ ಬಾಬು